ಸಾಫ್ಟ್‌ವೇರ್ ಕೆಲಸಕ್ಕೆ ಲ್ಯಾಪ್‌ಟಾಪ್: ಪ್ರೊಸೆಸರ್ ಹೋಲಿಸುವುದು ಹೇಗೆ?

ಮಗಳಿಗೋ ಮಗನಿಗೋ ಎಂಜಿನಿಯರಿಂಗ್ ಅಥವಾ ಬಿಸಿಎ ಸೀಟು ಸಿಕ್ಕಿದೆ, ಇನ್ನು ಲ್ಯಾಪ್‌ಟಾಪ್ ಕೊಡಿಸಬೇಕು. ಗಡಿಯ ಈಚೆ ಕೇಳಿದರೂ ಆಚೆ ಕೇಳಿದರೂ ಅಂಗಡಿಯವರ ಮಾತು ಒಂದೇ: 'ಇದು ಐ5, ಅದು ರೈಜೆನ್ 5'. ಈ ಹೆಸರನ್ನಷ್ಟೇ ನಂಬಿದರೆ ಸಾಲ ಮಾಡಿ ತಂದ ಹಣಕ್ಕೆ ಹಳೆಯ ತಂತ್ರಜ್ಞಾನ ಮನೆಗೆ ಬರಬಹುದು.

ಕೋರ್ ಎಂದರೇನು?

ಬರೆದ ಪ್ರೋಗ್ರಾಮನ್ನು ಯಂತ್ರದ ಭಾಷೆಗೆ ಬದಲಿಸುವುದಕ್ಕೆ ಕಂಪೈಲ್ ಎನ್ನುತ್ತಾರೆ. ದೊಡ್ಡ ತಂತ್ರಾಂಶದಲ್ಲಿ ಸಾವಿರಾರು ಕಡತಗಳಿರುತ್ತವೆ. ಪ್ರೊಸೆಸರ್‌ನ ಕೋರ್‌ಗಳು ಅವನ್ನು ಹಂಚಿಕೊಂಡು ದುಡಿಯುತ್ತವೆ. ಮದುವೆ ಮನೆಯಲ್ಲಿ ಹತ್ತು ಜನ ಕುಳಿತರೆ ತರಕಾರಿ ಬೇಗ ಹೆಚ್ಚಿ ಮುಗಿಯುತ್ತದೆ. ಸಾರಿಗೆ ಒಗ್ಗರಣೆ ಹಾಕುವವರು ಮಾತ್ರ ಒಬ್ಬರೇ. ಹಾಗೆಯೇ ಕೆಲವು ಹಂತಗಳು ಒಂದೇ ಕೋರ್‌ನ ವೇಗವನ್ನು ನೆಚ್ಚಿಕೊಂಡಿವೆ. ಆದ್ದರಿಂದ ಕೋರ್‌ಗಳ ಸಂಖ್ಯೆಯೂ ಬೇಕು, ಒಂದೊಂದರ ಬಲವೂ ಬೇಕು.

ಹೆಸರು ಒಂದೇ, ಕಸುವು ಬೇರೆ

ಇಂಟೆಲ್ ಐ5-7200ಯು ಪ್ರೊಸೆಸರ್‌ಗೆ ಎರಡೇ ಕೋರ್, ಮೂಲ ವೇಗ 2.5 ಗಿಗಾಹರ್ಟ್ಸ್. 2017ರಲ್ಲಿ ಬಂದ ಐ5-8250ಯು ನಾಲ್ಕು ಕೋರ್‌ನದು, ಮೂಲ ವೇಗ 1.6. ಗಿಗಾಹರ್ಟ್ಸ್ ಮಾತ್ರ ನೋಡಿದವರಿಗೆ ಮೊದಲಿನದೇ ಮೇಲು ಎನಿಸೀತು; ಕಂಪೈಲ್‌ಗೆ ಕೂರಿಸಿದರೆ ಗೆಲ್ಲುವುದು ಎರಡನೆಯದು. ಸೆಕೆಂಡ್ ಹ್ಯಾಂಡ್ ಕೊಳ್ಳುವವರು ಇದನ್ನು ನೆನಪಿಡಬೇಕು. ವಿಂಡೋಸ್ 11ಕ್ಕೆ ಮೈಕ್ರೋಸಾಫ್ಟ್ ಒಪ್ಪಿದ ಪಟ್ಟಿಯಲ್ಲಿ 8250ಯು ಇದೆ, 7200ಯು ಇಲ್ಲ. ವಿಂಡೋಸ್ 10ರ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್‌ನಲ್ಲಿ ಮುಗಿದಿದೆ.

ಎಎಂಡಿಯದೂ ಇದೇ ಕಥೆ. ರೈಜೆನ್ 5 7520ಯು ನಾಲ್ಕು ಕೋರ್‌ನದು, 2019ರ ಝೆನ್ 2 ವಿನ್ಯಾಸ. ರೈಜೆನ್ 5 7530ಯು ಆರು ಕೋರ್‌ನದು, ಅದರ ಮುಂದಿನ ಝೆನ್ 3 ವಿನ್ಯಾಸ. 7000 ಸರಣಿಯಲ್ಲಿ ಈ ಗುಟ್ಟು ಇರುವುದು ಮೂರನೆಯ ಅಂಕಿಯಲ್ಲಿ.

ಕೊನೆಯ ಅಕ್ಷರ

'ಯು' ಇದ್ದರೆ ಸಾಮಾನ್ಯವಾಗಿ 15 ವ್ಯಾಟ್ ಆಸುಪಾಸು. ಬ್ಯಾಟರಿ ಹೆಚ್ಚು ಬಾಳುತ್ತದೆ. 'ಎಚ್' ಇದ್ದರೆ 45 ವ್ಯಾಟ್ ಆಸುಪಾಸು. ವೇಗ ಹೆಚ್ಚು, ಬಿಸಿಯೂ ಹೆಚ್ಚು. ತೆಳು ಲ್ಯಾಪ್‌ಟಾಪಿನಲ್ಲಿ ಬಿಸಿ ಏರಿದಾಗ ಪ್ರೊಸೆಸರ್ ತಾನೇ ವೇಗ ತಗ್ಗಿಸಿಕೊಳ್ಳುತ್ತದೆ. ಕೋರ್ ಎಣಿಸುವಾಗಲೂ ಎಚ್ಚರವಿರಲಿ: ಐ5-1235ಯು ಒಳಗಿನ ಹತ್ತು ಕೋರ್‌ಗಳಲ್ಲಿ ಬಲಶಾಲಿಯಾದವು ಎರಡೇ, ಉಳಿದ ಎಂಟು ವಿದ್ಯುತ್ ಉಳಿಸುವ ಚಿಕ್ಕವು.

ಯಾರಿಗೆ ಎಷ್ಟು?

* ಸಿ, ಪೈಥಾನ್, ವೆಬ್ ಪುಟಗಳ ಕಲಿಕೆಗೆ: ನಾಲ್ಕು ಕೋರ್, 8 ಜಿಬಿ ರ್ಯಾಮ್ ಸಾಕು.
* ಆಂಡ್ರಾಯ್ಡ್ ಆ್ಯಪ್, ದೊಡ್ಡ ಸಿ++ ಕೆಲಸಕ್ಕೆ: ಆರರಿಂದ ಎಂಟು ಕೋರ್, 16 ಜಿಬಿ ರ್ಯಾಮ್.
* ಐಫೋನ್ ಆ್ಯಪ್ ತಯಾರಿಸಲು: ಆಪಲ್‌ನ ಮ್ಯಾಕ್ ಬೇಕು. 2020ರಲ್ಲಿ ಬಂದ ಎಂ1 ಚಿಪ್‌ನಲ್ಲಿ ಎಂಟು ಕೋರ್‌ಗಳಿವೆ.

ರ್ಯಾಮ್ ಕಡಿಮೆಯಿದ್ದರೆ ಎಂತಹ ಪ್ರೊಸೆಸರ್ ಇದ್ದರೂ ತೆವಳುತ್ತದೆ. ಹಣ ಸೀಮಿತವಾಗಿದ್ದರೆ ಐ7ರ ಆಸೆ ಬಿಟ್ಟು ಅದೇ ಪೀಳಿಗೆಯ ಐ5 ಕೊಂಡು, ಉಳಿದದ್ದನ್ನು ರ್ಯಾಮ್ ಮತ್ತು ಎಸ್‌ಎಸ್‌ಡಿಗೆ ಹಾಕುವುದು ಜಾಣತನ. ರ್ಯಾಮ್ ಮುಂದೆ ಹೆಚ್ಚಿಸಲು ಬರುತ್ತದೆಯೇ ಎಂದೂ ಕೇಳಿ. ಬೋರ್ಡಿಗೆ ಬೆಸೆದದ್ದನ್ನು ಬದಲಿಸಲಾಗದು.

ಹಣ ಕೊಡುವ ಮುನ್ನ ಪ್ರೊಸೆಸರ್‌ನ ಪೂರ್ತಿ ಸಂಖ್ಯೆಯನ್ನು, ಕೊನೆಯ ಅಕ್ಷರ ಸಮೇತ, ಚೀಟಿಯಲ್ಲಿ ಬರೆದುಕೊಂಡು ಮನೆಗೆ ಬನ್ನಿ. ಕಂಪನಿಯ ವೆಬ್‌ಸೈಟಿನಲ್ಲಿ ಆ ಸಂಖ್ಯೆ ಹುಡುಕಿದರೆ ಎಷ್ಟು ಕೋರ್, ಎಷ್ಟು ವ್ಯಾಟ್, ಯಾವ ವರ್ಷದ್ದು ಎಂಬುದೆಲ್ಲ ಸಿಗುತ್ತದೆ. ಕೊಳ್ಳುವುದು ಮರುದಿನವೂ ಆದೀತು.