ಮೂರ್ತಿ, ವಿ.ಕೆ.

ವೆಂಕಟರಾಮ ಪಂಡಿತ ಕೃಷ್ಣಮೂರ್ತಿ (1923–2014). ಭಾರತೀಯ ಚಿತ್ರರಂಗದ ಅಗ್ರಗಣ್ಯ ಛಾಯಾಗ್ರಾಹಕ. ಹುಟ್ಟಿದ್ದು ಮೈಸೂರಿನಲ್ಲಿ. ಪಿಟೀಲು ಕಲಿತಿದ್ದ ಇವರು ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಪಡೆದು ಮುಂಬಯಿಗೆ ತೆರಳಿದರು. ‘ಬಾಜಿ’ (1951) ಚಿತ್ರದಲ್ಲಿ ಸಹಾಯಕರಾಗಿದ್ದಾಗ ನಿರ್ದೇಶಕ ಗುರುದತ್ತರ ಕಣ್ಣಿಗೆ ಬಿದ್ದರು. ‘ಜಾಲ್’ನಿಂದ (1952) ಅವರ ಖಾಯಂ ಛಾಯಾಗ್ರಾಹಕರಾದರು. ‘ಪ್ಯಾಸಾ’ (1957) ಈ ಜೋಡಿಯದೇ ಕೊಡುಗೆ.

ಇದೇ ಜೋಡಿಯ ‘ಕಾಗಜ್ ಕೆ ಫೂಲ್’ (1959) ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ದೃಶ್ಯವನ್ನು ಅಡ್ಡಕ್ಕೆ ಕುಗ್ಗಿಸಿ ಸೆರೆಹಿಡಿದು, ತೆರೆಯ ಮೇಲೆ ಮತ್ತೆ ಹಿಗ್ಗಿಸುವ ಈ ವಿಧಾನದ ಮೂಲ ಮಸೂರ ಫ್ರಾನ್ಸಿನ ಖಗೋಳಜ್ಞ ಆನ್ರಿ ಕ್ರೆತಿಯೆನ್‌ರದು. ಚಿತ್ರದ ಒಂದು ಹಾಡಿಗೆ ಮೂರ್ತಿಯವರು ಸ್ಟುಡಿಯೋದ ಹೊರಗೆ ದೊಡ್ಡ ಕನ್ನಡಿಯಿಟ್ಟು ಬಿಸಿಲನ್ನು ಹಿಡಿದರು, ಒಳಗೆ ಎತ್ತರದಲ್ಲಿದ್ದ ಇನ್ನೊಂದು ಕನ್ನಡಿಯಿಂದ ಅದನ್ನು ಕೆಳಕ್ಕೆ ಇಳಿಸಿದರು. ಹೊಗೆಯ ನಡುವೆ ಆ ಬೆಳಕು ಗಟ್ಟಿ ಕಂಬದಂತೆ ನಿಂತಿತು. ಕಪ್ಪು-ಬಿಳುಪು ಛಾಯಾಗ್ರಹಣದಲ್ಲಿ ಇದನ್ನು ಮೀರಿಸಿದ ಕೆಲಸ ನಮ್ಮಲ್ಲಿ ವಿರಳ. ಚಿತ್ರ ಸೋತರೂ ಮೂರ್ತಿಯವರಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು. ‘ಸಾಹಿಬ್ ಬೀಬಿ ಔರ್ ಗುಲಾಮ್’ (1962) ಚಿತ್ರಕ್ಕೆ ಮತ್ತೊಮ್ಮೆ.

1964ರಲ್ಲಿ ಗುರುದತ್ ತೀರಿಕೊಂಡ ಮೇಲೆ ಅಂಥ ಜೊತೆ ಇವರಿಗೆ ಮತ್ತೆ ಸಿಗಲಿಲ್ಲ. ಶಿಷ್ಯ ಗೋವಿಂದ ನಿಹಲಾನಿ ನಿರ್ದೇಶಿಸಿದ ‘ತಮಸ್’, ಶ್ಯಾಮ್ ಬೆನೆಗಲ್‌ರ ‘ಭಾರತ್ ಏಕ್ ಖೋಜ್’ ಧಾರಾವಾಹಿಗಳಿಗೆ ದುಡಿದರು. ಕನ್ನಡಕ್ಕೆ ಬಂದದ್ದು ತಡವಾಗಿ, ‘ಹೂವು ಹಣ್ಣು’ (1993) ಚಿತ್ರದಲ್ಲಿ. 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಇವರಿಗೆ ಸಂದಿತು. ಛಾಯಾಗ್ರಾಹಕರೊಬ್ಬರಿಗೆ ಆ ಗೌರವ ದೊರೆತದ್ದು ಅದೇ ಮೊದಲು. ಕೊನೆಯ ವರ್ಷಗಳನ್ನು ಬೆಂಗಳೂರಿನಲ್ಲಿ ಕಳೆದು ಅಲ್ಲಿಯೇ ನಿಧನರಾದರು.