ಮೇ ಸೇಬು: ಹಣ್ಣು, ವಿಷ ಮತ್ತು ಔಷಧಗಳ ನಡುವಿನ ಜನಪದ ತಿಳಿವಳಿಕೆ

ಸಸ್ಯವೊಂದರ ಚರಿತ್ರೆಯನ್ನು ಸಸ್ಯವಿಜ್ಞಾನ ಅಥವಾ ಔಷಧವಿಜ್ಞಾನದ ನೆಲೆಯಿಂದ ಬರೆಯುವುದು ರೂಢಿ. ಅಂಥ ಬರವಣಿಗೆಯಲ್ಲಿ ಜನಪದರ ತಿಳಿವಳಿಕೆ ಪೀಠಿಕೆಯ ಒಂದೆರಡು ಸಾಲುಗಳಲ್ಲಿ ಬಂದು ಮರೆಯಾಗುತ್ತದೆ. ಅನಂತರದ ಕಥೆಯೆಲ್ಲ ಪ್ರಯೋಗಾಲಯದ್ದು. ಉತ್ತರ ಅಮೆರಿಕದ ಪೂರ್ವಭಾಗದ ಕಾಡುಗಳಲ್ಲಿ ನೆರಳಿನಲ್ಲಿ ಬೆಳೆಯುವ ಮೇ ಸೇಬಿನ ಚರಿತ್ರೆ ಈ ಕ್ರಮವನ್ನು ಪ್ರಶ್ನಿಸುತ್ತದೆ. ಒಂದೇ ಗಿಡದಲ್ಲಿ ತಿನ್ನುವ ಹಣ್ಣೂ ಕೊಲ್ಲುವ ವಿಷವೂ ಇದ್ದು, ಎರಡನ್ನೂ ಬೇರ್ಪಡಿಸುವ ಗೆರೆಯನ್ನು ಮೊದಲು ಎಳೆದವರು ಆ ಕಾಡಿನ ಜನರು. ಆ ಗೆರೆ ಹೇಗೆ ಉಳಿಯಿತು, ಎಲ್ಲಿ ಅಳಿಸಿಹೋಯಿತು, ಅದರ ಫಲ ಯಾರಿಗೆ ದಕ್ಕಿತು ಎಂಬುದು ಇಲ್ಲಿನ ವಿವೇಚನೆಯ ವಿಷಯ.

ಗಿಡ ಮತ್ತು ಅದರ ಹೆಸರುಗಳು

ದಾರುಹರಿದ್ರದ ಕುಟುಂಬವಾದ ಬರ್ಬೆರಿಡೇಸೀಗೆ ಸೇರಿದ ಈ ಸಸ್ಯದ ಶಾಸ್ತ್ರೀಯ ನಾಮ ಪೊಡೊಫಿಲಮ್ ಪೆಲ್ಟೇಟಮ್. ಕೆನಡಾದ ದಕ್ಷಿಣ ಭಾಗದಿಂದ ಫ್ಲೋರಿಡಾ ಮತ್ತು ಟೆಕ್ಸಾಸ್‌ಗಳವರೆಗೆ, ಎಲೆ ಉದುರುವ ಮರಗಳ ಕಾಡುಗಳಲ್ಲಿ ಇದು ಹಬ್ಬಿದೆ. ಶುಂಠಿ, ಅರಿಶಿನಗಳಂತೆ ಇದರ ಕಾಂಡ ನೆಲದಡಿಯಲ್ಲಿ ಅಡ್ಡಲಾಗಿ ಹರಿದು ವರ್ಷದಿಂದ ವರ್ಷಕ್ಕೆ ಮುಂದುವರಿಯುತ್ತದೆ. ಹೀಗಾಗಿ ಕಾಡಿನ ನೆಲದಲ್ಲಿ ನೂರಾರು ಗಿಡಗಳಂತೆ ಕಾಣುವ ಗುಂಪು ಹಲವೊಮ್ಮೆ ಒಂದೇ ತಾಯಿಗಿಡದ ವಿಸ್ತಾರವಾಗಿರುತ್ತದೆ. ವಸಂತದಲ್ಲಿ, ಮೇಲಿನ ಮರಗಳು ಎಲೆ ತುಂಬಿಕೊಳ್ಳುವ ಮೊದಲೇ ಇದರ ಎಲೆಗಳು ಮಡಿಸಿದ ಕೊಡೆಗಳಂತೆ ನೆಲದಿಂದ ಮೇಲೆದ್ದು ಬಿಚ್ಚಿಕೊಳ್ಳುತ್ತವೆ. ಒಂದೇ ಎಲೆಯ ಕಾಂಡ ಹೂಬಿಡುವುದಿಲ್ಲ. ಎರಡು ಎಲೆಗಳ ಕಾಂಡದಲ್ಲಿ ಮಾತ್ರ, ಆ ಎರಡೂ ಎಲೆಗಳ ಕವಲಿನಲ್ಲಿ, ತಲೆಬಾಗಿದ ಒಂದು ಬಿಳಿಯ ಹೂವು ಅರಳುತ್ತದೆ. ಹೂವಿನ ಕಾಲ ಮೇ ತಿಂಗಳು. ಹಣ್ಣು ಮಾಗುವುದು ಬೇಸಿಗೆ ಬಲಿತ ಮೇಲೆ. ‘ಮೇ ಸೇಬು’ ಎಂಬ ಹೆಸರು ಹೂವಿನ ತಿಂಗಳನ್ನು ಹಣ್ಣಿಗೆ ಅಂಟಿಸಿದೆ.

ಹೆಸರುಗಳ ಅಧ್ಯಯನವೇ ಇಲ್ಲಿ ಒಂದು ಜಾನಪದ ಸಾಮಗ್ರಿ. ಎಲೆ ಬಾತುಕೋಳಿಯ ಪಾದದಂತೆ ಕಂಡದ್ದರಿಂದ ಹಿಂದಿನ ಸಸ್ಯವಿಜ್ಞಾನಿಗಳು ಇದನ್ನು ‘ಅನಪೊಡೊಫಿಲಮ್’ ಎಂದು ಕರೆದರು. ಆ ಪದಕ್ಕೆ ಬಾತುಪಾದದ ಎಲೆ ಎಂದರ್ಥ. ಲಿನೇಯಸ್ 1753ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಅದು ‘ಪೊಡೊಫಿಲಮ್’ ಎಂದು ಮೊಟಕಾಗಿದೆ; ‘ಪೆಲ್ಟೇಟಮ್’ ಎಂದರೆ ಗುರಾಣಿಯಂಥದು. ಆಡುಮಾತಿನಲ್ಲಿ ಇದು ಕಾಡು ನಿಂಬೆ, ನೆಲ ನಿಂಬೆ, ಹಂದಿ ಸೇಬು, ರಕೂನ್ ಹಣ್ಣು, ಕೊಡೆ ಗಿಡ, ಸೈತಾನನ ಸೇಬು ಎಂದೆಲ್ಲ ಕರೆಸಿಕೊಂಡಿದೆ. ನಿಂಬೆ ಎಂಬ ಹೆಸರಿನಲ್ಲಿ ತಿನ್ನಬಹುದೆಂಬ ಸೂಚನೆಯಿದ್ದರೆ, ಸೈತಾನನ ಹೆಸರಿನಲ್ಲಿ ಎಚ್ಚರಿಕೆಯಿದೆ. ವಲಸೆ ಬಂದ ಯೂರೋಪಿಯನ್ನರು ಕೊಟ್ಟ ‘ಅಮೆರಿಕದ ಮ್ಯಾಂಡ್ರೇಕ್’ ಎಂಬ ಹೆಸರು ಮಾತ್ರ ದಾರಿ ತಪ್ಪಿಸುವಂಥದು. ಮೆಡಿಟರೇನಿಯನ್ ಪ್ರದೇಶದ ನಿಜವಾದ ಮ್ಯಾಂಡ್ರೇಕ್ ಬದನೆಯ ಕುಟುಂಬದ್ದು. ಮನುಷ್ಯಾಕಾರದ ಬೇರಿನ ಸುತ್ತ ಹುಟ್ಟಿದ ಹಳೆಯ ಭಯಭಕ್ತಿಗಳನ್ನು ಆ ಜನ ತಮ್ಮೊಡನೆ ತಂದು, ಸಂಬಂಧವಿಲ್ಲದ ಹೊಸ ಗಿಡಕ್ಕೆ ಆರೋಪಿಸಿದರು.

ಹಣ್ಣಿನ ಬಳಕೆ ಮತ್ತು ವಿಧಿನಿಷೇಧ

ಫ್ರೆಂಚ್ ಅನ್ವೇಷಕ ಸ್ಯಾಮ್ಯುಯೆಲ್ ದ ಶಾಂಪ್ಲೇನ್ 1615ರಲ್ಲಿ ಹ್ಯೂರಾನ್ ಜನರ ನಾಡಿಗೆ ಹೋದಾಗ ಕಂಡ ಹಣ್ಣುಗಳಲ್ಲಿ ಇದೂ ಒಂದು. ಸಣ್ಣ ನಿಂಬೆಯ ಆಕಾರ ಮತ್ತು ಬಣ್ಣವುಳ್ಳ, ಒಳಗೆ ಅಂಜೂರವನ್ನು ನೆನಪಿಸುವ ಹಣ್ಣೆಂದು ಅವನು ಅದನ್ನು ಬಣ್ಣಿಸಿದ್ದಾನೆ. ಮೂಲನಿವಾಸಿಗಳ ಆಹಾರ ಪದ್ಧತಿಯಲ್ಲಿ ಹಣ್ಣಿಗಿದ್ದ ಸ್ಥಾನ ಇದರಿಂದ ತಿಳಿಯುತ್ತದೆ. ಅನಂತರ ಬಂದ ವಲಸಿಗರ ಅಡುಗೆಮನೆಗಳಲ್ಲಿ ಇದರಿಂದ ಜಾಮ್ ಮತ್ತು ಜೆಲ್ಲಿ ಮಾಡುವುದು, ರಸವನ್ನು ಪಾನಕಕ್ಕೆ ಬಳಸುವುದು ರೂಢಿಗೆ ಬಂತು.

ಆದರೆ ಈ ಗಿಡದಲ್ಲಿ ತಿನ್ನಲು ಯೋಗ್ಯವಾದುದು ಪೂರ್ತಿ ಮಾಗಿ ಹಳದಿಯಾಗಿ ಮೆತ್ತಗಾದ ಹಣ್ಣಿನ ತಿರುಳು ಮಾತ್ರ. ಬೇರು, ಎಲೆ, ಕಾಯಿ, ಬೀಜಗಳೆಲ್ಲ ವಿಷ. ಕಾಯಿ ತಿಂದರೆ ವಾಂತಿಭೇದಿ ತಪ್ಪಿದ್ದಲ್ಲ. ಬೇರು ಹೆಚ್ಚು ಹೊಟ್ಟೆಗೆ ಹೋದರೆ ಸಾವು ಬರಬಹುದು. ಆದ್ದರಿಂದ ಈ ಹಣ್ಣಿನ ತಿಳಿವಳಿಕೆ ಎಂದರೆ ಯಾವಾಗ, ಯಾವ ಭಾಗ, ಎಷ್ಟು ಎಂಬ ಮೂರು ಪ್ರಶ್ನೆಗಳಿಗೆ ಉತ್ತರ. ಹಣ್ಣು ಮಾಗುವಷ್ಟರಲ್ಲಿ ಎಲೆ ಹಳದಿಯಾಗಿ ಗಿಡ ನೆಲಕ್ಕೊರಗುತ್ತದೆ. ರಕೂನ್‌ಗಳೂ ಪೆಟ್ಟಿಗೆ ಆಮೆಗಳೂ ಅದೇ ಹಣ್ಣಿಗೆ ಕಾದಿರುತ್ತವೆ. ಆಮೆ ಹಣ್ಣು ತಿಂದು ಬೀಜವನ್ನು ದೂರ ಸಾಗಿಸುವುದರಿಂದ ಗಿಡಕ್ಕೂ ಅದು ಬೇಕಾದ ಪ್ರಾಣಿ.

ವಿಷದ ಭಾಗವೂ ವ್ಯರ್ಥವಾಗಲಿಲ್ಲ. ಚೆರೋಕಿ ಜನ ಬೇರನ್ನು ಭೇದಿಗಾಗಿ ಮತ್ತು ಹೊಟ್ಟೆಯ ಹುಳುಗಳ ನಿವಾರಣೆಗಾಗಿ ಬಳಸಿದರು. ಮೆನೊಮಿನಿ ಜನ ಗಿಡವನ್ನು ಕುದಿಸಿದ ನೀರನ್ನು ಆಲೂಗಡ್ಡೆಯ ಗಿಡಗಳಿಗೆ ಚಿಮುಕಿಸಿ ಕೀಟಗಳನ್ನು ದೂರವಿರಿಸಿದರು. ಆಹಾರ, ವೈದ್ಯ, ಕೃಷಿ ಎಂಬ ಮೂರು ಕ್ಷೇತ್ರಗಳು ಇಲ್ಲಿ ಒಂದೇ ಗಿಡದ ಸುತ್ತ ಕೂಡಿಕೊಂಡಿವೆ.

ಔಷಧಕೋಶದ ಒಳಗೂ ಹೊರಗೂ

ಇಂಗ್ಲಿಷ್ ನಿಸರ್ಗವಿಜ್ಞಾನಿ ಮಾರ್ಕ್ ಕೇಟ್ಸ್‌ಬಿ 18ನೆಯ ಶತಮಾನದಲ್ಲಿ ಕ್ಯಾರೊಲೈನಾದ ಸಸ್ಯಗಳನ್ನು ವಿವರಿಸುವಾಗ ಈ ಬೇರು ಅಲ್ಲಿ ವಾಂತಿಕಾರಕವಾಗಿ ಬಳಕೆಯಲ್ಲಿದ್ದುದನ್ನು ದಾಖಲಿಸಿದನು. ಅಮೆರಿಕ ಸಂಯುಕ್ತ ಸಂಸ್ಥಾನದ ಮೊದಲ ಔಷಧಕೋಶ 1820ರಲ್ಲಿ ಪ್ರಕಟವಾದಾಗ ಬೇರಿಗೆ ಅಲ್ಲಿ ಸ್ಥಾನ ದೊರಕಿತು. ಸಿನ್ಸಿನಾಟಿಯ ವೈದ್ಯ ಜಾನ್ ಕಿಂಗ್ 1835ರಲ್ಲಿ ಬೇರಿನಿಂದ ರಾಳವನ್ನು ಬೇರ್ಪಡಿಸಿದನು. ಅದನ್ನು ಸೇವಿಸಿದ ರೋಗಿಯೊಬ್ಬಳು ತೀವ್ರವಾಗಿ ಅಸ್ವಸ್ಥಳಾದದ್ದು ಆ ಸಾಂದ್ರ ವಸ್ತುವಿನ ಬಲಕ್ಕೆ ಸಾಕ್ಷಿಯಾಯಿತು. ‘ಪೊಡೊಫಿಲಿನ್’ ಎಂಬ ಈ ರಾಳವನ್ನು, ಕ್ಯಾಲೊಮೆಲ್ ಎಂಬ ಪಾದರಸದ ಔಷಧಕ್ಕೆ ಬದಲಾಗಿ, ಆ ಕಾಲದ ಸಸ್ಯೌಷಧ ಪಕ್ಷಪಾತಿ ವೈದ್ಯರು ಎತ್ತಿಹಿಡಿದರು. ‘ಸಸ್ಯ ಕ್ಯಾಲೊಮೆಲ್’ ಎಂಬ ಹೆಸರು ಹುಟ್ಟಿದ್ದು ಹೀಗೆ. ಮುಂದೆ ಕಾರ್ಟರ್ಸ್ ಲಿಟಲ್ ಲಿವರ್ ಪಿಲ್ಸ್ ಎಂಬ ಜನಪ್ರಿಯ ಗುಳಿಗೆಗಳಲ್ಲಿಯೂ ಇದು ಸೇರಿತು.

ಇದೇ ಅವಧಿಯಲ್ಲಿ, 1838-39ರಲ್ಲಿ, ಚೆರೋಕಿ ಜನರನ್ನು ಅವರ ಪೂರ್ವದ ನೆಲದಿಂದ ಬಲವಂತವಾಗಿ ಪಶ್ಚಿಮಕ್ಕೆ ಸಾಗಿಸಲಾಯಿತು. ಸಾವಿರಾರು ಮಂದಿ ದಾರಿಯಲ್ಲಿಯೇ ಮಡಿದರು. ಬೇರು ಮಾರುಕಟ್ಟೆಗೆ ಬಂದ ಶತಮಾನದಲ್ಲಿಯೇ ಬೇರನ್ನು ಬಲ್ಲವರು ನೆಲ ಕಳೆದುಕೊಂಡರು ಎಂಬುದು ಈ ಚರಿತ್ರೆಯ ಕಠೋರ ಸತ್ಯ. ಪೂರ್ವದಲ್ಲಿಯೇ ಉಳಿದ ಚೆರೋಕಿ ಜನರ ನಡುವೆ ಕ್ಷೇತ್ರಕಾರ್ಯ ಮಾಡಿದ ಜೇಮ್ಸ್ ಮೂನಿ 1891ರಲ್ಲಿ ಅವರ ಮಂತ್ರ ಮತ್ತು ಮೂಲಿಕೆಗಳ ಅಧ್ಯಯನವನ್ನು ಪ್ರಕಟಿಸಿದನು. ಅವರ ಮೂಲಿಕೆಗಳ ಸತ್ಯಾಸತ್ಯತೆಯನ್ನು ಅವನು ಅಳೆದದ್ದು ಅಂದಿನ ಅಚ್ಚಾದ ಔಷಧ ಗ್ರಂಥವನ್ನಿಟ್ಟುಕೊಂಡು. ಗ್ರಂಥ ಒಪ್ಪಿದ್ದು ಜ್ಞಾನ, ಒಪ್ಪದಿದ್ದುದು ಮೂಢನಂಬಿಕೆ ಎಂಬ ಆ ಅಳತೆಗೋಲು ಜಾನಪದ ಅಧ್ಯಯನದಲ್ಲಿ ಬಹುಕಾಲ ಉಳಿಯಿತು.

ಅಳತೆಗೋಲೇ ಸ್ಥಿರವಲ್ಲ ಎಂಬುದನ್ನು ಮೇ ಸೇಬು ತೋರಿಸಿಕೊಟ್ಟಿತು. 1942ರಲ್ಲಿ ಪೊಡೊಫಿಲಮ್ ಅಮೆರಿಕದ ಔಷಧಕೋಶದಿಂದ ಹೊರಬಿತ್ತು. ಅದೇ ವರ್ಷ ನ್ಯೂ ಆರ್ಲಿಯನ್ಸ್‌ನ ಕಪ್ಲಾನ್ ಎಂಬ ವೈದ್ಯರು ಗುಹ್ಯಾಂಗದ ನರೂಲಿಗಳಿಗೆ ಪೊಡೊಫಿಲಿನ್ ಹಚ್ಚಿ ಗುಣಪಡಿಸಿದ ವರದಿ ಪ್ರಕಟಿಸಿದರು. 1946ರಲ್ಲಿ ಕಿಂಗ್ ಮತ್ತು ಸಲಿವನ್ ಎಂಬ ಸಂಶೋಧಕರು, ಜೀವಕೋಶಗಳ ಮೇಲೆ ಇದರ ಪರಿಣಾಮ ಕಾಲ್ಚಿಸಿನ್‌ನ ಪರಿಣಾಮವನ್ನು ಹೋಲುತ್ತದೆಂದು ತೋರಿಸಿದರು. ಅಮೆರಿಕದ ರಾಷ್ಟ್ರೀಯ ಕ್ಯಾನ್ಸರ್ ಸಂಸ್ಥೆಯಲ್ಲಿ ಈ ಗಿಡವನ್ನು ಅಧ್ಯಯನ ಮಾಡಿದ ಜೊನಾಥನ್ ಹಾರ್ಟ್‌ವೆಲ್, ಅರ್ಬುದಗಳಿಗೆ ಜನಪದರು ಬಳಸಿದ ಸಸ್ಯಗಳ ಬೃಹತ್ ಪಟ್ಟಿಯನ್ನು 1967ರಿಂದ 1971ರವರೆಗೆ ಕಂತುಗಳಲ್ಲಿ ಪ್ರಕಟಿಸಿದರು. ಮೂಢನಂಬಿಕೆಯೆಂದು ಬದಿಗಿಟ್ಟ ಸಾಮಗ್ರಿ ಹೀಗೆ ಸಂಶೋಧನೆಯ ಆಕರವಾಯಿತು.

ಹಿಮಾಲಯದ ಬಂಧು

ಇದೇ ಗಿಡದ ಹತ್ತಿರದ ಬಂಧು ಹಿಮಾಲಯದಲ್ಲಿದೆ. ಸಹಾರನ್‌ಪುರದ ಸಸ್ಯೋದ್ಯಾನದ ಅಧಿಕಾರಿಯಾಗಿದ್ದ ಜಾನ್ ಫೋರ್ಬ್ಸ್ ರಾಯ್ಲ್ ಅದಕ್ಕೆ ಪೊಡೊಫಿಲಮ್ ಹೆಕ್ಸಾಂಡ್ರಮ್ ಎಂದು ಹೆಸರಿಟ್ಟನು. ಈಗ ಅದು ಸೈನೊಪೊಡೊಫಿಲಮ್ ಎಂಬ ಬೇರೆ ಜಾತಿಯಲ್ಲಿ ಗಣನೆಯಾಗುತ್ತದೆ. ಅದರ ಹಣ್ಣು ಕೆಂಪು. ಹಿಂದಿಯಲ್ಲಿ ಅದು ‘ಬನ್ ಕಕ್ಡಿ’, ಎಂದರೆ ಕಾಡು ಸೌತೆ. ಕಾಶ್ಮೀರಿಯಲ್ಲಿ ‘ವನ್ ವಾಂಗುನ್’, ಎಂದರೆ ಕಾಡು ಬದನೆ. ಅಮೆರಿಕದ ಹಳ್ಳಿಗನ ‘ಕಾಡು ನಿಂಬೆ’ಯಂತೆ ಇಲ್ಲಿಯೂ ಊರಿನ ತರಕಾರಿಯ ಹೆಸರಿಗೆ ಕಾಡನ್ನು ಸೇರಿಸಿದ್ದಾರೆ. ಟಿಬೆಟನ್ ವೈದ್ಯದಲ್ಲಿ ‘ಓಲ್ ಮೊ ಸೆ’ ಎಂಬ ಹೆಸರಿನಲ್ಲಿ ಇದರ ಹಣ್ಣು ಸ್ತ್ರೀರೋಗಗಳಿಗೆ ಬಳಕೆಯಾಗುತ್ತದೆ.

ಹಿಮಾಲಯದ ಗಿಡದಲ್ಲಿ ಪೊಡೊಫಿಲೊಟಾಕ್ಸಿನ್ ಅಂಶ ಹೆಚ್ಚು. ಸ್ವಿಟ್ಜರ್ಲೆಂಡಿನ ಬಾಸೆಲ್ ನಗರದ ಸ್ಯಾಂಡೋಜ್ ಸಂಸ್ಥೆಯಲ್ಲಿ ಹಾರ್ಟ್‌ಮನ್ ಸ್ಟಾಹೆಲಿನ್ ಮತ್ತು ಆಲ್ಬರ್ಟ್ ಫಾನ್ ವಾರ್ಟ್‌ಬುರ್ಗ್ ಅವರು ನಡೆಸಿದ ಸಂಶೋಧನೆಯ ಫಲವಾಗಿ ‘ಎಟೊಪೊಸೈಡ್’ ಸಿದ್ಧವಾಯಿತು. 1983ರಲ್ಲಿ ಅಮೆರಿಕದಲ್ಲಿ ಅದಕ್ಕೆ ಮಾನ್ಯತೆ ದೊರಕಿತು. ವೃಷಣ ಮತ್ತು ಶ್ವಾಸಕೋಶಗಳ ಕ್ಯಾನ್ಸರ್‌ಗಳಿಗೆ ಬಳಕೆಯಾಗುವ ಅದು ವಿಶ್ವ ಆರೋಗ್ಯ ಸಂಸ್ಥೆಯ ಅಗತ್ಯ ಔಷಧಗಳ ಪಟ್ಟಿಯಲ್ಲಿದೆ. ಆ ಬೇಡಿಕೆಯ ಭಾರ ಬಿದ್ದದ್ದು ಹಿಮಾಲಯದ ಇಳಿಜಾರುಗಳ ಮೇಲೆ. ಬೇರು ಅಗೆದರೆ ಗಿಡವೇ ಹೋಗುತ್ತದೆ. ಕಾಡಿನಿಂದ ಗಿಡ ವೇಗವಾಗಿ ಬರಿದಾದ ಕಾರಣ 1990ರಲ್ಲಿ ಅದನ್ನು ಅಳಿವಿನಂಚಿನ ಜೀವಿಗಳ ಅಂತಾರಾಷ್ಟ್ರೀಯ ವ್ಯಾಪಾರ ಒಪ್ಪಂದದ ಎರಡನೆಯ ಅನುಬಂಧಕ್ಕೆ ಸೇರಿಸಲಾಯಿತು.

ಬೆಳೆಸುವ ಕ್ರಮ

ಅಗೆಯುವುದಕ್ಕೆ ಪರ್ಯಾಯ ಬೆಳೆಸುವುದು. ಮೇ ಸೇಬನ್ನು ಬೆಳೆಸುವವರು ಶರತ್ಕಾಲದಲ್ಲಿ ನೆಲದಡಿಯ ಕಾಂಡವನ್ನು ಮೊಳಕೆಯಿರುವ ತುಂಡುಗಳಾಗಿ ಕತ್ತರಿಸಿ, ಎಲೆಗೊಬ್ಬರ ತುಂಬಿದ ತೇವದ ಮಣ್ಣಿನಲ್ಲಿ, ಮರದ ನೆರಳಿನಲ್ಲಿ, ಹೆಚ್ಚು ಆಳವಿಲ್ಲದೆ ಅಡ್ಡಲಾಗಿ ಹೂಳುತ್ತಾರೆ. ಬೀಜದಿಂದಲೂ ಬೆಳೆಸಬಹುದು. ಆದರೆ ತಿರುಳು ತೊಳೆದು ಹಸಿಯಾಗಿಯೇ ಬಿತ್ತಬೇಕು, ಹೂ ಕಾಣಲು ಹಲವು ವರ್ಷ ಕಾಯಬೇಕು. ಹಿಮಾಲಯದ ಗಿಡದ ಬೆಳವಣಿಗೆಯೂ ಅಷ್ಟೇ ನಿಧಾನ. ಮಾರುಕಟ್ಟೆಯ ಅವಸರಕ್ಕೂ ಗಿಡದ ಕಾಲಕ್ಕೂ ಹೊಂದಿಕೆಯಿಲ್ಲ.

ಮಿಸಿಸಿಪ್ಪಿ ವಿಶ್ವವಿದ್ಯಾಲಯದ ಸಂಶೋಧಕರು ಅಮೆರಿಕದ ಗಿಡದ ಎಲೆಯಿಂದಲೇ ಪೊಡೊಫಿಲೊಟಾಕ್ಸಿನ್ ಪಡೆಯಬಹುದೆಂದು ತೋರಿಸಿದ್ದು ಈ ದೃಷ್ಟಿಯಿಂದ ಮಹತ್ವದ್ದು. ಎಲೆ ಕೊಯ್ದರೆ ಬೇರು ಉಳಿಯುತ್ತದೆ, ಮರುವರ್ಷ ಗಿಡ ಮೇಲೇಳುತ್ತದೆ. 2015ರಲ್ಲಿ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ಲಾವ್ ಮತ್ತು ಸ್ಯಾಟ್ಲಿ ಎಂಬ ಸಂಶೋಧಕರು, ಗಾಯಗೊಂಡ ಎಲೆ ತನ್ನ ರಕ್ಷಣೆಗಾಗಿ ಚುರುಕುಗೊಳಿಸುವ ಜೀನುಗಳನ್ನು ಅನುಸರಿಸಿ, ಎಟೊಪೊಸೈಡ್‌ನ ಪೂರ್ವರೂಪವನ್ನು ತಂಬಾಕಿನ ಬಂಧುವಾದ ಗಿಡವೊಂದರಲ್ಲಿ ತಯಾರಿಸಿದರು. ಮುಂದೆ ಔಷಧಕ್ಕೆ ಕಾಡೇ ಬೇಡವಾಗುವ ಸಾಧ್ಯತೆ ಇದೆ.

ಕನ್ನಡದ ನೆಲೆಯಿಂದ

ಮೇ ಸೇಬು ಕರ್ನಾಟಕದ ಗಿಡವಲ್ಲ. ಆದರೆ ಪೊಡೊಫಿಲೊಟಾಕ್ಸಿನ್ ಜೀವಕೋಶದೊಳಗೆ ಹಿಡಿಯುವ ಜಾಗವೂ ಕಾಲ್ಚಿಸಿನ್ ಹಿಡಿಯುವ ಜಾಗವೂ ಒಂದೇ. ಕಾಲ್ಚಿಸಿನ್ ಇರುವ ಅಗ್ನಿಶಿಖೆ ಕನ್ನಡಿಗರಿಗೆ ಚಿರಪರಿಚಿತ. ಮಲೆನಾಡಿನಲ್ಲಿ ಅದು ಗೌರಿಹೂವು. ಹೂವು ಪೂಜೆಗೆ, ಗೆಡ್ಡೆ ವಿಷವೆಂಬ ಭಯಕ್ಕೆ. ಒಂದೇ ಗಿಡ ಎರಡು ಬಗೆಯ ನಡೆವಳಿಕೆಯನ್ನು ಬೇಡುತ್ತದೆ. ನೆರೆಯ ತಮಿಳುನಾಡಿನಲ್ಲಿ ಅದನ್ನು ಬೀಜಕ್ಕಾಗಿ ಬೆಳೆಯಲಾಗುತ್ತಿದೆ.

ಭಾರತದ ಜೀವವೈವಿಧ್ಯ ಕಾಯ್ದೆ 2002ರಲ್ಲಿ ಬಂದು, ಜ್ಞಾನವುಳ್ಳ ಸಮುದಾಯಗಳಿಗೆ ಲಾಭದ ಪಾಲು ಸಲ್ಲಬೇಕೆಂದು ವಿಧಿಸಿತು. 2023ರ ತಿದ್ದುಪಡಿ ಗ್ರಂಥಸ್ಥವಾದ ಪಾರಂಪರಿಕ ಜ್ಞಾನದ ಬಳಕೆಗೆ ಇದರಿಂದ ವಿನಾಯಿತಿ ನೀಡಿದೆ. ಹೀಗಾಗಿ ಗ್ರಂಥಸ್ಥ ಯಾವುದು, ಮೌಖಿಕ ಯಾವುದು ಎಂಬ ಜಾನಪದದ ಹಳೆಯ ಚರ್ಚೆ ಕಾನೂನಿನ ಪ್ರಶ್ನೆಯಾಗಿದೆ. ಅಮೆರಿಕ 1992ರ ಜೀವವೈವಿಧ್ಯ ಒಡಂಬಡಿಕೆಯ ಸದಸ್ಯ ರಾಷ್ಟ್ರವಲ್ಲವಾದ್ದರಿಂದ, ಚೆರೋಕಿ ಮತ್ತು ಮೆನೊಮಿನಿ ಜನರಿಗೆ ಆ ಒಡಂಬಡಿಕೆಯ ಆಧಾರವೂ ಇಲ್ಲ.

ಗ್ರಾಮ ಪಂಚಾಯಿತಿಗಳ ಮಟ್ಟದ ಜೀವವೈವಿಧ್ಯ ದಾಖಲಾತಿಯಲ್ಲಿ ಗಿಡದ ಹೆಸರು ಮತ್ತು ರೋಗದ ಹೆಸರು ಬರೆದರೆ ಕೆಲಸ ಮುಗಿಯುವುದಿಲ್ಲ. ಯಾವ ಭಾಗ ಮುಟ್ಟಬಾರದು, ಯಾವ ಋತುವಿನಲ್ಲಿ ಕೀಳಬಾರದು, ಎಷ್ಟು ಬಿಟ್ಟು ಬರಬೇಕು, ಇದನ್ನು ಹೇಳಿದವರು ಯಾರು ಎಂಬುದೂ ಅಲ್ಲಿ ಸೇರಬೇಕು. ಮೇ ಸೇಬಿನ ವಿಷಯದಲ್ಲಿ ಗುಣ ಗ್ರಂಥಕ್ಕೆ ಬಂತು, ನಿಷೇಧ ಬರಲಿಲ್ಲ. ಹೇಳಿದವರ ಹೆಸರಂತೂ ಉಳಿಯಲೇ ಇಲ್ಲ. ಹಣ್ಣು ಯಾವುದು, ವಿಷ ಯಾವುದು ಎಂದು ಮೊದಲು ಬೇರ್ಪಡಿಸಿದವರ ಸ್ಥಾನವನ್ನು ಚರಿತ್ರೆಯಲ್ಲಿ ನಮೂದಿಸುವುದು ಜಾನಪದ ಅಧ್ಯಯನದ ಹೊಣೆ.