ವೀರರನ್ನು ಬರೆಸಿದವರು ಯಾರು? ಪುಣಿಸನಿಂದ ಸಲಿವನ್‌ವರೆಗೆ ನೀಲಗಿರಿ

ಗುರುಗಳಿದ್ದಾರೆ, ಸಹಪಾಠಿಗಳಿದ್ದಾರೆ, ಹಾಗಾಗಿ ಪೀಠಿಕೆ ಬೆಳೆಸದೆ ನೇರ ವಿಷಯಕ್ಕೆ ಬರ್ತೀನಿ. ‘ದಿ ಬಾಯ್ಸ್’ ಸರಣಿಯನ್ನು ನಿಮ್ಮಲ್ಲಿ ಬಹಳ ಜನ ನೋಡಿರ್ತೀರಿ. 2019ರಲ್ಲಿ ಶುರುವಾಯ್ತು. ಗಾರ್ತ್ ಎನಿಸ್ ಬರೆದು ಡ್ಯಾರಿಕ್ ರಾಬರ್ಟ್‌ಸನ್ ಚಿತ್ರ ಬಿಡಿಸಿದ ಕಾಮಿಕ್ಸ್ ಅದರ ಮೂಲ. ಅಲ್ಲಿ ಸೂಪರ್‌ಹೀರೋಗಳು ಒಂದು ಕಂಪನಿಯ ಸಂಬಳದವರು. ದೇವರು ಕೊಟ್ಟ ಶಕ್ತಿ ಅಂತ ಜನ ನಂಬಿದ್ದು ಕಂಪನಿಯೇ ಎಳೆಗೂಸುಗಳಿಗೆ ಚುಚ್ಚಿಸಿದ ಔಷಧಿ. ಮೊದಲ ಸೀಸನ್ನಿನಲ್ಲಿ ಅಪಹರಣವಾದ ವಿಮಾನವೊಂದನ್ನು ಉಳಿಸಲಿಕ್ಕೆ ಹೋದ ಹೋಮ್‌ಲ್ಯಾಂಡರ್ ಕೆಲಸ ಕೆಡಿಸಿ, ಪ್ರಯಾಣಿಕರನ್ನು ಸಾಯಲಿಕ್ಕೆ ಬಿಟ್ಟು ಬರ್ತಾನೆ. ಆಮೇಲೆ ಸಮುದ್ರದ ದಂಡೆಯಲ್ಲಿ ನಿಂತು, ನಮ್ಮನ್ನು ಸೈನ್ಯಕ್ಕೆ ಸೇರಿಸಿಕೊಂಡಿದ್ದರೆ ಹೀಗಾಗ್ತಿರಲಿಲ್ಲ ಅನ್ನುವ ಅರ್ಥದಲ್ಲಿ ಭಾಷಣ ಮಾಡ್ತಾನೆ.

ಆ ಸರಣಿಯ ರಕ್ತಪಾತ ನನಗೆ ಅಷ್ಟು ಮುಖ್ಯ ಅನ್ನಿಸಲಿಲ್ಲ. ಮುಖ್ಯ ಅನ್ನಿಸಿದ್ದು ಕಂಪನಿಯ ಪ್ರಚಾರ ವಿಭಾಗ. ನನ್ನ ವಾದ ಇಷ್ಟೆ: ನೀಲಗಿರಿಯ ಲಿಖಿತ ಇತಿಹಾಸ ಶುರುವಾಗೋದೇ ಅಂಥ ಒಂದು ಪ್ರಚಾರ ಪತ್ರದಿಂದ.

ಚಾಮರಾಜನಗರದ ಹಳೆಯ ಹೆಸರು ಅರಿಕುಠಾರ. ಅಲ್ಲಿಯ ಪಾರ್ಶ್ವನಾಥ ಬಸದಿಯಲ್ಲಿ 1117ರ ಒಂದು ಶಾಸನ ಇದೆ. ಬಸದಿ ಕಟ್ಟಿಸಿದವನು ಹೊಯ್ಸಳ ವಿಷ್ಣುವರ್ಧನನ ದಂಡನಾಯಕ ಪುಣಿಸ. ಶಾಸನ ಅವನನ್ನು ಹೊಗಳುವ ಕ್ರಮ ನೋಡಿ: ತೊದವರನ್ನು ಬೆದರಿಸಿದ, ಕೊಂಗರನ್ನು ಓಡಿಸಿದ, ಮಲೆಯಾಳರನ್ನು ಕೊಂದ, ನೀಲಾದ್ರಿಯನ್ನು ಹೊಕ್ಕು ಅದರ ಶಿಖರವನ್ನು ಜಯಲಕ್ಷ್ಮಿಗೆ ಒಪ್ಪಿಸಿದ. ತೋಡರ ಬಗ್ಗೆ, ಈ ಬೆಟ್ಟದ ಬಗ್ಗೆ ನಮಗೆ ಸಿಕ್ಕಿರುವ ಅತಿ ಹಳೆಯ ಖಚಿತ ಬರಹಗಳಲ್ಲಿ ಇದೊಂದು. ಅಂದರೆ ತೋಡರು ಚರಿತ್ರೆಯೊಳಕ್ಕೆ ಬರೋದೇ ಬೆದರಿದವರಾಗಿ.

ಇಲ್ಲಿ ಸ್ವಲ್ಪ ನಿಲ್ಲಬೇಕು. ತೋಡರು ಎಮ್ಮೆ ಸಾಕಿಕೊಂಡು, ಹಾಲು-ಬೆಣ್ಣೆಯ ಸುತ್ತಲೇ ತಮ್ಮ ಪೂಜೆ-ಪುನಸ್ಕಾರ ಎಲ್ಲ ಕಟ್ಟಿಕೊಂಡ ಜನ. 1906ರಲ್ಲಿ ‘ದಿ ಟೋಡಾಸ್’ ಪ್ರಕಟಿಸಿದ ರಿವರ್ಸ್ ಅವರ ದೊಡ್ಡ ಪುಸ್ತಕದಲ್ಲಿ ತುಂಬಿರೋದು ಎಮ್ಮೆ, ಹಾಲುಮನೆ, ಮದುವೆ, ಸಾವಿನ ಆಚರಣೆ, ಯುದ್ಧ ಅಲ್ಲ. ಹನ್ನೆರಡನೆಯ ಶತಮಾನದಲ್ಲಿ ಬೇರೆ ಥರ ಇದ್ದರು ಅಂತ ಯಾರಾದರೂ ಅನ್ನಬಹುದು, ಅನ್ನಲಿ. ಆದರೆ ಎಮ್ಮೆ ಕಾಯುವವರನ್ನು ಹೆದರಿಸಿದ್ದನ್ನು ಕಲ್ಲಿನಲ್ಲಿ ಕೆತ್ತಿಸಿಕೊಳ್ಳುವ ದಂಡನಾಯಕನ ಬಗ್ಗೆ ನನಗೆ ನಗು ಬರುತ್ತೆ. ಅದೇ ಶಾಸನ ಇನ್ನೊಂದು ಮಾತು ಹೇಳುತ್ತೆ: ಕೆಟ್ಟುಹೋದ ವ್ಯಾಪಾರಿಗೆ, ಬಿತ್ತಲು ಬೀಜವಿಲ್ಲದ ಒಕ್ಕಲಿಗೆ, ಅಧಿಕಾರ ಕಳೆದುಕೊಂಡ ಬೇಡರ ನಾಯಕನಿಗೆ ಪುಣಿಸ ಕಳೆದದ್ದನ್ನೆಲ್ಲ ಕೊಟ್ಟು ಸಾಕಿದನಂತೆ. ಪ್ರಶ್ನೆ ಏನಂದ್ರೆ, ಬೇಡರ ನಾಯಕನ ಅಧಿಕಾರ ಕಳೆದದ್ದು ಯಾರಿಂದ? ರೈತನ ಬೀಜ ಎಲ್ಲಿ ಹೋಯ್ತು? ದಂಡು ಹಾದುಹೋದ ಸೀಮೆಯಲ್ಲಿ ಬೀಜ ಉಳಿಯೋದು ಕಷ್ಟ. ಶಾಸನ ಆ ಕಾರಣಕ್ಕೆ ಬಾಯಿ ಹಾಕೋದಿಲ್ಲ, ಪರಿಹಾರದ ಕೀರ್ತಿ ಮಾತ್ರ ತಗೊಳ್ಳುತ್ತೆ. ಸಮುದ್ರದಂಡೆಯ ಆ ಭಾಷಣ ನನಗೆ ನೆನಪಾದದ್ದು ಇಲ್ಲಿ.

ವೀರಗಲ್ಲುಗಳ ವಿಷಯ ಬೇರೆ. ಊರಿನ ದನ ಬಿಡಿಸಲಿಕ್ಕೆ ಹೋಗಿ ಸತ್ತ ಹೆಸರಿಲ್ಲದವನಿಗೂ ಕಲ್ಲು ನಿಲ್ಲಿಸಿದ್ದಾರೆ. ಸತ್ತವನು ತನ್ನ ಕಲ್ಲು ತಾನೇ ಬರೆಸೋಕೆ ಆಗಲ್ಲ. ಪ್ರಶಸ್ತಿ ಶಾಸನವನ್ನು ಮಾತ್ರ ಬದುಕಿರುವವನೇ ಬರೆಸ್ತಾನೆ. ಈ ವ್ಯತ್ಯಾಸವನ್ನು ನಾವು ಪಾಠ ಮಾಡುವಾಗ ಸಾಕಷ್ಟು ಒತ್ತಿ ಹೇಳೋದಿಲ್ಲ.

ಏಳು ಶತಮಾನ ದಾಟಿ ಬರೋಣ. 1799ರಲ್ಲಿ ಟಿಪ್ಪು ಬಿದ್ದ ಮೇಲೆ ಬೆಟ್ಟ ಈಸ್ಟ್ ಇಂಡಿಯಾ ಕಂಪನಿಗೆ ಬಂತು. ಊಟಿಯ ಸೇಂಟ್ ಸ್ಟೀಫನ್ಸ್ ಚರ್ಚಿನ ತೊಲೆಗಳು ಶ್ರೀರಂಗಪಟ್ಟಣದ ಟಿಪ್ಪು ಅರಮನೆಯಿಂದ ಬಂದವು ಅಂತ ಅಲ್ಲಿಗೆ ಹೋದವರಿಗೆಲ್ಲ ಹೇಳ್ತಾರೆ. ಕೊಯಮತ್ತೂರಿನ ಕಲೆಕ್ಟರ್ ಜಾನ್ ಸಲಿವನ್ 1819ರಲ್ಲಿ ಬೆಟ್ಟ ಹತ್ತಿದ. ‘ಊಟಿಯನ್ನು ಕಂಡುಹಿಡಿದವನು’ ಅಂತ ಶಾಲೆಯಲ್ಲಿ ಓದಿದ್ದೀವಿ. ಆದರೆ 1812ರಲ್ಲೇ ಕೀಸ್ ಸರ್ವೆಗೆ ಬಂದಿದ್ದ. 1818ರಲ್ಲಿ ಸಲಿವನ್ನನ ಕೈಕೆಳಗಿನ ವಿಷ್, ಕಿಂಡರ್ಸ್ಲಿ ಹತ್ತಿದ್ದರು. ಅದಕ್ಕೂ ಮೊದಲು, 1603ರಲ್ಲಿ, ಮಲಬಾರಿನಿಂದ ಬಂದ ಫೆನಿಸಿಯೊ ಪಾದ್ರಿ ತೋಡರನ್ನೂ ಬಡಗರನ್ನೂ ಕಂಡು ಬರೆದಿಟ್ಟಿದ್ದ. ಇನ್ನು ಬಡಗರು, ತೋಡರು, ಕೋತರು, ಕುರುಂಬರು ಎಲ್ಲಿಗೂ ಕಳೆದುಹೋಗಿರಲಿಲ್ಲ, ಕಂಡುಹಿಡಿಯೋದಕ್ಕೆ.

ಸಿರುಮುಗೈಯಿಂದ ಕೋತಗಿರಿ ಪಕ್ಕದ ದಿಂಬಟ್ಟಿವರೆಗಿನ ದಾರಿಯನ್ನು ಸಲಿವನ್ ಮಾಡಿಸಿದ್ದು ಕೈದಿಗಳ ಕೈಲಿ. ತೋಡರ ಜಮೀನು ತಗೊಂಡದ್ದು ಎಕರೆಗೆ ಒಂದು ರೂಪಾಯಿ ಲೆಕ್ಕದಲ್ಲಿ. ಅವನು ಕಟ್ಟಿಸಿದ ಸ್ಟೋನ್‌ಹೌಸ್ ಇವತ್ತು ಊಟಿಯ ಸರ್ಕಾರಿ ಕಲಾ ಕಾಲೇಜಿನ ಆವರಣದಲ್ಲಿದೆ. ಕೆರೆ ತೋಡಿಸಿದ, ಯುರೋಪಿನ ತರಕಾರಿ ತಂದ, ಅದೂ ನಿಜ. 2022ರ ಮೇ ತಿಂಗಳಲ್ಲಿ, ಊಟಿಗೆ ಇನ್ನೂರು ವರ್ಷ ಅಂತ ಹಬ್ಬ ಮಾಡಿ, ತಮಿಳುನಾಡಿನ ಮುಖ್ಯಮಂತ್ರಿ ಸ್ಟಾಲಿನ್ ಅವನ ಪ್ರತಿಮೆ ತೆರೆದರು. ಇನ್ನೂರು ವರ್ಷ ಅಂತ ಎಣಿಸಲಿಕ್ಕೆ ಶುರು ಮಾಡಿದರೆ ಪುಣಿಸನ ಶಾಸನದ ತೊದವರು ಎಲ್ಲಿ ನಿಲ್ಲಬೇಕು?

ಚಾಟ್‌ನಲ್ಲಿ ಒಬ್ಬರು ಕೇಳಿದ್ದಾರೆ: ಸಲಿವನ್ನನನ್ನು ಹೋಮ್‌ಲ್ಯಾಂಡರ್ ಜೊತೆ ನಿಲ್ಲಿಸೋದು ಅನ್ಯಾಯ ಅಲ್ವಾ ಅಂತ. ಅನ್ಯಾಯವೇ, ನಾನು ನಿಲ್ಲಿಸ್ತಾ ಇಲ್ಲ. ಇವನ ಪ್ರಕರಣ ಅದಕ್ಕಿಂತ ತೊಡಕಿನದು. ಮದ್ರಾಸಿನ ಗವರ್ನರ್ ಲಷಿಂಗ್ಟನ್ ಜೊತೆ ಇವನಿಗೆ ಜಗಳ ಬಂದಾಗ, ಬೆಟ್ಟದ ಜಮೀನು ತೋಡರ ಹಕ್ಕಿನದು, ಪರಿಹಾರ ಕೊಡಬೇಕು ಅಂತ ವಾದಿಸಿದವನು ಇವನೇ. ಸ್ವತಃ ಕಡಿಮೆ ಬೆಲೆಗೆ ಜಮೀನು ಮಾಡಿಕೊಂಡವನ ಬಾಯಲ್ಲಿ ಆ ನ್ಯಾಯದ ಮಾತು ಬಂತು. ಅದರಲ್ಲಿ ಸ್ವಾರ್ಥ ಎಷ್ಟು, ಮನಸ್ಸಾಕ್ಷಿ ಎಷ್ಟು ಅಂತ ತೂಗೋದು ನನ್ನ ಕೆಲಸ ಅಲ್ಲ ಅಂದುಕೊಂಡಿದ್ದೀನಿ. ನನಗೆ ಬೇಕಾದ್ದು ಆ ಜಗಳದ ಕಾಗದಗಳು. ಕಂಪನಿಯ ಅಧಿಕಾರಿಗಳು ಪರಸ್ಪರ ಕಚ್ಚಾಡಿದ್ದಕ್ಕೇ ತೋಡರ ಹಕ್ಕಿನ ಮಾತು ಕಡತಕ್ಕೆ ಹತ್ತಿತು. ಪುಣಿಸನ ಕಾಲದಲ್ಲಿ ಅಂಥ ಜಗಳ ನಡೆದಿದ್ದರೂ ಕಲ್ಲಿನ ಮೇಲೆ ಬಂದಿಲ್ಲ.

ತೋಡರ ಕಡೆಯಿಂದ ನಮ್ಮ ಹತ್ರ ಇರೋದು ಹಾಡು. ಎಮಿನೊ ಅವರು 1930ರ ದಶಕದಲ್ಲಿ ಸಂಗ್ರಹಿಸಿ, 1971ರಲ್ಲಿ ‘ಟೋಡಾ ಸಾಂಗ್ಸ್’ ಅಂತ ಹೊರತಂದರು. ಅಲ್ಲಿ ಹೆಸರು ಹಿಡಿದು ಹೊಗಳಿಸಿಕೊಳ್ಳೋರಲ್ಲಿ ಎಮ್ಮೆಗಳೂ ಇವೆ. ಬಡಗ ಹಟ್ಟಿಗಳಿಂದ, ಗೂಡಲೂರಿನಿಂದ ಬಂದಿರುವ ವಿದ್ಯಾರ್ಥಿಗಳು ಈ ಗೋಷ್ಠಿಯಲ್ಲಿದ್ದೀರಿ. ಸಲಿವನ್ ದಾರಿಗೆ ಕಲ್ಲು ಹೊತ್ತವರ ಬಗ್ಗೆ ನಿಮ್ಮ ಅಜ್ಜಿಯರು ಏನಾದರೂ ಹೇಳಿದ್ದರೆ ದಯವಿಟ್ಟು ಈಗಲೇ ಮೈಕ್ ಆನ್ ಮಾಡಿ.